ನೋವು ಹೋಯಿತು, ಆದರೆ ಮೀನಖಂಡ ಸೊರಗಿತು

ಪ್ರಶ್ನೆ: ನನಗೆ 41 ವರ್ಷ. 8 ತಿಂಗಳ ಹಿಂದೆ ಭಾರ ಎತ್ತುವಾಗ ಸೊಂಟ ಹಿಡಿದುಕೊಂಡಿತು. ಬಲಗಾಲಿನ ಹಿಂಭಾಗದಲ್ಲಿ ಪಾದದವರೆಗೂ ಕರೆಂಟ್ ಹೊಡೆದ ಹಾಗೆ ನೋವಿತ್ತು. ಎರಡು ತಿಂಗಳಲ್ಲಿ ನೋವು ತಾನಾಗಿಯೇ ಹೋಯಿತು. ಆದರೆ ಈಗ ಬಲಗಾಲಿನ ಮೀನಖಂಡ ಸಣ್ಣಗಾಗಿದೆ. ಟೇಪಿನಲ್ಲಿ ಅಳೆದರೆ ಎಡಗಾಲಿಗಿಂತ 2.5 ಸೆಂ.ಮೀ. ಕಡಿಮೆ. ಮೆಟ್ಟಿಲು ಹತ್ತುವಾಗ ಆ ಕಾಲು ಬೇಗ ಸೋಲುತ್ತದೆ. ಕಿರುಬೆರಳಿನ ಕಡೆ ಜೋಮು ಇದೆ. ಸುಮ್ಮನೆ ಕೂತಿದ್ದಾಗ ಮೀನಖಂಡ ಒಮ್ಮೊಮ್ಮೆ ಪಟಪಟ ಅದುರುತ್ತದೆ. ಇಂಟರ್ನೆಟ್‌ನಲ್ಲಿ ಓದಿ, ಇದು ಮೋಟಾರ್ ನ್ಯೂರಾನ್ ಕಾಯಿಲೆ (ಸ್ನಾಯುಗಳಿಗೆ ಆಜ್ಞೆ ಕೊಡುವ ನರಕೋಶಗಳು ಸಾಯುವ ಕಾಯಿಲೆ) ಇರಬಹುದಾ ಎಂದು ನಿದ್ದೆ ಬರುತ್ತಿಲ್ಲ. ಎಣ್ಣೆ ಮಸಾಜ್, ಪ್ರೋಟೀನ್ ಪುಡಿ, ವಿಟಮಿನ್ ಇಂಜೆಕ್ಷನ್‌ನಿಂದ ಕಾಲು ಮೊದಲಿನಂತೆ ಆಗುತ್ತದೆಯೇ?

ಉತ್ತರ: ನಿಮ್ಮ ಪತ್ರ ಓದುವಾಗ ನಾನು ತಡೆದು ನಿಂತದ್ದು ‘ನೋವು ತಾನಾಗಿಯೇ ಹೋಯಿತು’ ಎಂಬಲ್ಲಿ. ನೀವು ಅದನ್ನು ಒಳ್ಳೆಯ ಸುದ್ದಿ ಅಂತ ಬರೆದಿದ್ದೀರಿ. ಹೆಚ್ಚಿನವರಲ್ಲಿ ಅದು ಒಳ್ಳೆಯ ಸುದ್ದಿಯೇ. ಆದರೆ ನರದ ನೋವು ಎರಡು ದಾರಿಯಲ್ಲಿ ಹೋಗುತ್ತದೆ. ಒಂದು, ನರದ ಮೇಲಿನ ಒತ್ತಡ ಇಳಿದು, ಊತ ಕಡಿಮೆಯಾಗಿ ಹೋಗುವುದು. ಇನ್ನೊಂದು, ನರ ಎಷ್ಟು ಸೋತಿರುತ್ತದೆ ಅಂದರೆ ‘ನೋಯ್ತಿದೆ’ ಅಂತ ಹೇಳುವ ಶಕ್ತಿಯೂ ಅದಕ್ಕೆ ಇರುವುದಿಲ್ಲ. ಮೊದಲನೆಯದರಲ್ಲಿ ನೋವಿನ ಹಿಂದೆಯೇ ಬಲ ವಾಪಸ್ ಬರುತ್ತದೆ. ಎರಡನೆಯದರಲ್ಲಿ ನೋವಿನ ಜೊತೆಗೆ ಬಲವೂ ಹೋಗುತ್ತದೆ. ಹಾಗಾಗಿ ಇನ್ನು ಮುಂದೆ ನೋವು ಇದೆಯೋ ಇಲ್ಲವೋ ಅಂತ ನೋಡಬೇಡಿ. ಬಲ ಎಷ್ಟಿದೆ ಅಂತ ನೋಡಿ.

ಅದಕ್ಕೂ ಮೊದಲು ಇನ್ನೊಂದು ಮಾತು. ಎರಡು ಕಾಲಿನ ಸುತ್ತಳತೆ ಬೇರೆ ಬೇರೆ ಬಂದರೆ ಸಣ್ಣಗಿರುವ ಕಾಲೇ ಕೆಟ್ಟಿದೆ ಅಂತ ಎಲ್ಲರೂ ತಿಳಿಯುತ್ತಾರೆ. ಯಾವಾಗಲೂ ಹಾಗಿರುವುದಿಲ್ಲ. ಕೆಲವೊಮ್ಮೆ ದಪ್ಪಗಿರುವ ಕಾಲೇ ಊದಿಕೊಂಡಿರುತ್ತದೆ. ಕಾಲಿನ ಒಳಗಿನ ರಕ್ತನಾಳದಲ್ಲಿ ರಕ್ತ ಹೆಪ್ಪುಗಟ್ಟಿದರೆ ಒಂದೇ ಕಾಲು ಹೀಗೆ ಉಬ್ಬುತ್ತದೆ. ನಿಮ್ಮ ಎಡಗಾಲು ಇತ್ತೀಚೆಗೆ ಬಿಗಿಯಾಗಿದ್ದರೆ, ಬಿಸಿ ಇದ್ದರೆ, ಒತ್ತಿದರೆ ನೋಯುತ್ತಿದ್ದರೆ ಅಥವಾ ಬೆರಳಿನಿಂದ ಒತ್ತಿದ ಜಾಗದಲ್ಲಿ ಗುಳಿ ಉಳಿದರೆ ಇವತ್ತೇ ಆಸ್ಪತ್ರೆಗೆ ಹೋಗಿ. ಅಂಥ ಕಾಲಿಗೆ ಮಸಾಜ್ ಅಂತೂ ಮಾಡಲೇಬಾರದು. ನಿಮ್ಮ ಉಳಿದ ವಿವರ ನೋಡಿದರೆ ಬಲಗಾಲೇ ಸೊರಗಿದೆ ಅನ್ನಿಸುತ್ತದೆ. ಆದರೂ ಒಮ್ಮೆ ನೋಡಿಕೊಳ್ಳಿ.

ಅಳತೆಯನ್ನೂ ಇನ್ನೊಮ್ಮೆ ಸರಿಯಾಗಿ ತೆಗೆಯಿರಿ. ಮಂಡಿಚಿಪ್ಪಿನ ಕೆಳಗೆ, ಮುಂಭಾಗದಲ್ಲಿ ಮೂಳೆಯ ಒಂದು ಉಬ್ಬು ಸಿಗುತ್ತದೆ. ಅಲ್ಲಿಂದ 10 ಸೆಂ.ಮೀ. ಕೆಳಗೆ ಎರಡೂ ಕಾಲಿಗೆ ಪೆನ್ನಿನಲ್ಲಿ ಗುರುತು ಹಾಕಿ, ಅದೇ ಜಾಗದಲ್ಲಿ ಟೇಪು ಸುತ್ತಿ. ಅಂದಾಜಿಗೆ ಅಳೆದರೆ ಒಂದು ಸೆಂ.ಮೀ. ಸುಲಭವಾಗಿ ಆಚೀಚೆ ಆಗುತ್ತದೆ. ಆರೋಗ್ಯವಾಗಿರುವವರಲ್ಲೂ ಎರಡು ಕಾಲುಗಳ ನಡುವೆ ಸುಮಾರು ಒಂದು ಸೆಂ.ಮೀ. ವ್ಯತ್ಯಾಸ ಇರಬಹುದು. 2 ಸೆಂ.ಮೀ. ದಾಟಿದರೆ ಕಾರಣ ಹುಡುಕಬೇಕು.

ಟೇಪಿಗಿಂತ ಒಳ್ಳೆಯ ಪರೀಕ್ಷೆಯೊಂದಿದೆ. ಗೋಡೆಗೆ ಬೆರಳ ತುದಿ ತಾಗಿಸಿ ಒಂಟಿಕಾಲಲ್ಲಿ ನಿಲ್ಲಿ. ಮಂಡಿ ಮಡಚದೆ ಹಿಮ್ಮಡಿ ಎತ್ತಿ ತುದಿಗಾಲಿಗೆ ಬನ್ನಿ, ನಿಧಾನವಾಗಿ ಇಳಿಸಿ. ಹೀಗೆ ಎಷ್ಟು ಸಲ ಆಗುತ್ತದೆ ಎಣಿಸಿ. ಗಟ್ಟಿಮುಟ್ಟಾದ ಪ್ರಾಯದವರು 20ರಿಂದ 25 ಸಲ ಮಾಡುತ್ತಾರೆ. ವಯಸ್ಸಾದ ಹಾಗೆ ಸಂಖ್ಯೆ ಇಳಿಯುತ್ತದೆ. ನಿಮಗೆ ಹೋಲಿಕೆ ಬೇರೆಯವರ ಜೊತೆ ಬೇಡ, ನಿಮ್ಮದೇ ಎಡಗಾಲಿದೆಯಲ್ಲ. ಎಡಗಾಲಲ್ಲಿ 20 ಆಗಿ ಬಲಗಾಲಲ್ಲಿ 4ಕ್ಕೇ ಹಿಮ್ಮಡಿ ಏಳದೆ ನಿಂತರೆ, ಅದು ನನಗೆ ಟೇಪಿನ ಅಳತೆಗಿಂತ ಹೆಚ್ಚು ಹೇಳುತ್ತದೆ. ಎರಡೂ ಕಾಲಲ್ಲಿ ಒಟ್ಟಿಗೆ ನಿಂತು ಮಾಡಿದರೆ ಒಳ್ಳೆಯ ಕಾಲು ಇನ್ನೊಂದರ ಬಡತನವನ್ನು ಮುಚ್ಚಿಬಿಡುತ್ತದೆ. ಎಷ್ಟೋ ತಪಾಸಣೆಗಳಲ್ಲಿ ಇದು ತಪ್ಪಿಹೋಗುವುದು ಹೀಗೆಯೇ. ರೋಗಿಯನ್ನು ಮಲಗಿಸಿ, ‘ಪಾದದಿಂದ ನನ್ನ ಕೈ ಒತ್ತಿ’ ಅಂದರೂ ಗೊತ್ತಾಗುವುದಿಲ್ಲ. ಮೀನಖಂಡ ಇಡೀ ಮೈಯ ಭಾರ ಎತ್ತುವ ಸ್ನಾಯು. ಅದರ ಅರ್ಧ ಬಲ ಹೋಗಿದ್ದರೂ ವೈದ್ಯರ ಕೈಯನ್ನು ಆರಾಮಾಗಿ ತಳ್ಳುತ್ತದೆ.

ಸರಿ, ಸ್ನಾಯು ಯಾಕೆ ಸೊರಗುತ್ತದೆ? ತಿಂದ ಅನ್ನಕ್ಕಿಂತ ಹೆಚ್ಚಾಗಿ ಅದು ಮಾಡುವ ಕೆಲಸದ ಮೇಲೆ ಬದುಕುತ್ತದೆ. ಕೆಲಸ ಬರುವುದು ನರದ ಮೂಲಕ. ಹಾಗಾಗಿ ಸೊರಗಲು ಮೂರೇ ದೊಡ್ಡ ದಾರಿ. ನೀವು ಕೆಲಸ ಕೊಡದೆ ಇರುವುದು, ಕೆಲಸ ಹೇಳುವ ನರ ಕೆಡುವುದು, ಅಥವಾ ಸ್ನಾಯುವಿಗೇ ಕಾಯಿಲೆ ಬರುವುದು. ಉಳಿದ ಕಾರಣಗಳಲ್ಲಿ ಹೆಚ್ಚಿನವು ಈ ಮೂರರಲ್ಲಿ ಒಂದರ ಕೆಳಗೆ ಬರುತ್ತವೆ, ಅಥವಾ ಎರಡು ಒಟ್ಟಿಗೆ ಸೇರಿರುತ್ತವೆ.

ನಿಮ್ಮದು ಎರಡನೆಯದು ಅನ್ನಿಸುತ್ತದೆ. ಕಾರಣ ಹೇಳುತ್ತೇನೆ. ಸೊಂಟದ ಕೊನೆಯ ಡಿಸ್ಕ್, ಅಂದರೆ ಬೆನ್ನುಮೂಳೆಗಳ ನಡುವಿನ ಮೆತ್ತೆ, ಹಿಂದಕ್ಕೆ ಜಾರಿದರೆ ಸಾಮಾನ್ಯವಾಗಿ ಒತ್ತಡಕ್ಕೆ ಸಿಗುವುದು ಎಸ್1 ಎಂಬ ನರದ ಬೇರು. ಮೀನಖಂಡಕ್ಕೆ ಆಜ್ಞೆ ಮುಖ್ಯವಾಗಿ ಇದರಿಂದಲೇ ಹೋಗುತ್ತದೆ. ಪಾದದ ಹೊರ ಅಂಚು ಮತ್ತು ಕಿರುಬೆರಳಿನ ಸ್ಪರ್ಶ ತರುವುದೂ ಇದೇ. ಹಿಮ್ಮಡಿಯ ಹಿಂದೆ ಹಗ್ಗದ ಹಾಗೆ ಗಟ್ಟಿಯಾಗಿ ಸಿಗುವ ಅಕಿಲಿಸ್ ಪಟ್ಟಿಗೆ ವೈದ್ಯರು ಪುಟ್ಟ ಸುತ್ತಿಗೆಯಿಂದ ತಟ್ಟಿದಾಗ ಪಾದ ಜಿಗಿಯುತ್ತದಲ್ಲ, ಆ ಜಿಗಿತವೂ ಇದರ ಕೈಯಲ್ಲೇ ಇದೆ. ಭಾರ ಎತ್ತಿದ್ದು, ಕಾಲಿನ ಹಿಂಭಾಗದ ನೋವು, ಕಿರುಬೆರಳಿನ ಜೋಮು, ಸೊರಗಿದ ಮೀನಖಂಡ ಎಲ್ಲವೂ ಒಂದೇ ಬೇರಿಗೆ ಬಂದು ಸೇರುತ್ತವೆ. ಅದರ ಮೇಲಿನ ಎಲ್5 ಬೇರು ಕೆಟ್ಟಿದ್ದರೆ ಕಥೆ ಬೇರೆ ಇರುತ್ತಿತ್ತು. ಹೆಬ್ಬೆರಳು ಮೇಲೆತ್ತಲು ಆಗುತ್ತಿರಲಿಲ್ಲ, ಹಿಮ್ಮಡಿಯ ಮೇಲೆ ನಡೆಯಲು ಆಗುತ್ತಿರಲಿಲ್ಲ, ಪಾದ ಜೋತುಬಿದ್ದು ಎಡವುತ್ತಿದ್ದಿರಿ. ಜೋಮು ಪಾದದ ಮೇಲ್ಭಾಗದಲ್ಲಿ, ಹೆಬ್ಬೆರಳಿನ ಕಡೆ ಇರುತ್ತಿತ್ತು.

ಪಾದ ಜೋತುಬಿದ್ದವರಿಗೆಲ್ಲ ತೊಂದರೆ ಸೊಂಟದಲ್ಲೇ ಇರಬೇಕೆಂದಿಲ್ಲ ಅನ್ನುವುದನ್ನೂ ಇಲ್ಲಿ ಸೇರಿಸುತ್ತೇನೆ. ಮಂಡಿಯ ಹೊರಬದಿಯಲ್ಲಿ, ಚರ್ಮದ ಕೆಳಗೇ ಒಂದು ನರ ಹಾದು ಹೋಗುತ್ತದೆ. ಗಂಟೆಗಟ್ಟಲೆ ಕಾಲ ಮೇಲೆ ಕಾಲು ಹಾಕಿ ಕೂತರೂ, ಕುಕ್ಕರಗಾಲಲ್ಲಿ ಕೆಲಸ ಮಾಡಿದರೂ, ಪ್ಲಾಸ್ಟರ್ ಬಿಗಿಯಾದರೂ ಅದು ಜಜ್ಜಿಹೋಗುತ್ತದೆ. ಬೇಗ ತೂಕ ಇಳಿಸಿಕೊಂಡವರಲ್ಲಿ ಇದು ಜಾಸ್ತಿ.

ಈಗ ನಿಮ್ಮ ನಿದ್ದೆ ಕೆಡಿಸಿದ ವಿಷಯಕ್ಕೆ ಬರೋಣ. ಅದುರುವುದೊಂದೇ ಮೋಟಾರ್ ನ್ಯೂರಾನ್ ಕಾಯಿಲೆಯ ಗುರುತಲ್ಲ. ಏನೂ ಕಾಯಿಲೆ ಇಲ್ಲದವರಲ್ಲೂ ಮೀನಖಂಡ ಅದುರುತ್ತದೆ. ದಣಿವು, ನಿದ್ದೆಗೇಡು, ಜಾಸ್ತಿ ಕಾಫಿ, ಆತಂಕ ಇದ್ದರೆ ಇನ್ನೂ ಹೆಚ್ಚು. ಒತ್ತಡಕ್ಕೆ ಸಿಕ್ಕ ನರ ತಾನಾಗಿಯೇ ಕಿಡಿ ಹಾರಿಸಿದಾಗಲೂ ಅದುರುತ್ತದೆ. ಮೋಟಾರ್ ನ್ಯೂರಾನ್ ಕಾಯಿಲೆ ಸಾಮಾನ್ಯವಾಗಿ ನೋವಿನಿಂದ ಶುರುವಾಗುವುದಿಲ್ಲ. ಸ್ಪರ್ಶವನ್ನು ಅದು ಮುಟ್ಟುವುದು ಅಪರೂಪ, ಹಾಗಾಗಿ ಜೋಮು ಇರುವುದಿಲ್ಲ. ಬಲಹೀನತೆ ತಿಂಗಳಿಂದ ತಿಂಗಳಿಗೆ ಹರಡುತ್ತದೆ. ಒಂದು ಕಾಲಿನಿಂದ ಇನ್ನೊಂದಕ್ಕೆ, ಕೈಗೆ, ಕೆಲವರಲ್ಲಿ ಮಾತಿಗೆ, ನುಂಗುವುದಕ್ಕೆ. ಸೊರಗಿದ ಕಾಲಲ್ಲೇ ಸುತ್ತಿಗೆಯ ಜಿಗಿತ ಇಲ್ಲವಾಗುವ ಬದಲು ಜೋರಾಗಿರುವುದು ಅದರ ಒಂದು ವಿಚಿತ್ರ ಗುರುತು. ನಿಮ್ಮ ಕಥೆ ಇದಕ್ಕೆ ಹೊಂದುವುದಿಲ್ಲ. ಪತ್ರ ಓದಿ ಕಾಯಿಲೆ ಇದೆ ಅಥವಾ ಇಲ್ಲ ಅಂತ ತೀರ್ಪು ಕೊಡಲು ನನಗೆ ಆಗದು. ಆದರೆ ನನ್ನ ಮುಂದೆ ಕೂತು ನೀವು ಇದನ್ನೇ ಹೇಳಿದ್ದರೆ ನಾನು ಮೊದಲು ಸೊಂಟದ ಕಡೆಗೇ ನೋಡುತ್ತಿದ್ದೆ.

ಇದೇ ತೊಂದರೆ ಇರುವ ಬೇರೆಯವರೂ ಇದನ್ನು ಓದುತ್ತಿರಬಹುದು. ಎಲ್ಲರ ಕಥೆ ನಿಮ್ಮಂತೆ ಇರುವುದಿಲ್ಲ, ಅಲ್ವಾ? ಅವರಿಗಾಗಿ ಸ್ವಲ್ಪ.

ಅತಿ ಸಾಮಾನ್ಯವಾದದ್ದು ಬಳಸದೆ ಸೊರಗುವುದು. ಪ್ಲಾಸ್ಟರ್, ಹಾಸಿಗೆ ಹಿಡಿದ ಜ್ವರ, ಮಂಡಿಯ ಆಪರೇಷನ್ ಹೀಗೆ. ಕಾಲನ್ನು ಪೂರ್ತಿ ಅಲುಗಾಡದಂತೆ ಕಟ್ಟಿದರೆ ಎರಡು ವಾರದಲ್ಲೇ ವ್ಯತ್ಯಾಸ ಕಾಣುತ್ತದೆ. ಗಾತ್ರ ಇಳಿಯುವುದಕ್ಕಿಂತ ವೇಗವಾಗಿ ಬಲ ಇಳಿಯುತ್ತದೆ. ಮಂಡಿಗೆ ಪೆಟ್ಟಾದವರಲ್ಲಿ ತೊಡೆಯ ಮುಂಭಾಗ ಕರಗುತ್ತದೆ. ಮಂಡಿಯಲ್ಲಿ ನೀರು ತುಂಬಿದರೆ ಮೆದುಳು, ಬೆನ್ನುಹುರಿ ಸೇರಿ ಆ ಸ್ನಾಯುವನ್ನು ಬೇಕೆಂದೇ ಹಿಡಿದಿಡುತ್ತವೆ. ‘ಎಷ್ಟು ವ್ಯಾಯಾಮ ಮಾಡಿದರೂ ತೊಡೆ ಬರ್ತಿಲ್ಲ’ ಅನ್ನುವವರು ಮೊದಲು ಮಂಡಿಯ ಊತ ಇಳಿಸಿಕೊಳ್ಳಬೇಕು. ಅಕಿಲಿಸ್ ಪಟ್ಟಿ ಹರಿದವರಲ್ಲಿ, ಅದು ಚೆನ್ನಾಗಿ ಕೂಡಿಕೊಂಡ ಮೇಲೂ ಮೀನಖಂಡ ವರ್ಷಗಟ್ಟಲೆ ಸ್ವಲ್ಪ ಸಣ್ಣಗೇ ಉಳಿಯುತ್ತದೆ.

ಎರಡೂ ಕಾಲು ಒಟ್ಟಿಗೆ ಸೊರಗುತ್ತಿದ್ದರೆ ಯೋಚನೆಯ ದಿಕ್ಕು ಬದಲಾಗಬೇಕು. ಸಕ್ಕರೆ ಕಾಯಿಲೆ, ಬಿ12 ಕೊರತೆ, ಮದ್ಯಪಾನ ಇವು ಪಾದದಿಂದ ಮೇಲಕ್ಕೆ ನರಗಳನ್ನು ಕೆಡಿಸುತ್ತವೆ. ಪಾದದ ಕಮಾನು ತುಂಬಾ ಎತ್ತರವಾಗಿದ್ದು, ಬೆರಳುಗಳು ಮಡಚಿಕೊಂಡು, ಮಂಡಿಯ ಕೆಳಗಿನ ಭಾಗ ಮಾತ್ರ ತಲೆಕೆಳಗು ಮಾಡಿದ ಬಾಟಲಿಯ ಹಾಗೆ ಕಂಡರೆ, ಮನೆಯಲ್ಲಿ ಇನ್ಯಾರಿಗೋ ಹೀಗೇ ಇದ್ದರೆ, ಅದು ಷಾರ್ಕೋ-ಮರಿ-ಟೂತ್ ಎಂಬ ವಂಶದಿಂದ ಬರುವ ನರದ ಕಾಯಿಲೆ ಇರಬಹುದು. ಹೆಸರಿನಲ್ಲಿ ಟೂತ್ ಇದೆ ಅಂತ ಹಲ್ಲಿನ ವೈದ್ಯರ ಹತ್ತಿರ ಹೋಗಬೇಡಿ. 1886ರಲ್ಲಿ ಇದನ್ನು ವಿವರಿಸಿದ ಮೂವರು ವೈದ್ಯರಲ್ಲಿ ಒಬ್ಬರ ಹೆಸರು ಅದು.

ಸ್ನಾಯುವಿನ ಸ್ವಂತ ಕಾಯಿಲೆಗಳು ಸಾಮಾನ್ಯವಾಗಿ ಮೊದಲು ತೊಡೆ, ಸೊಂಟ, ಭುಜ ಹಿಡಿಯುತ್ತವೆ. ಕೆಲವು ಮಾತ್ರ ಮೀನಖಂಡದಿಂದ ಶುರುವಾಗುತ್ತವೆ. ಮಿಯೋಶಿ ಎಂಬುದು ಅಂಥದ್ದು. ಹರೆಯ ದಾಟುವ ಹೊತ್ತಿಗೆ, ಅಲ್ಲಿಯವರೆಗೆ ಚೆನ್ನಾಗಿ ಓಡುತ್ತಿದ್ದವರಿಗೆ ತುದಿಗಾಲಲ್ಲಿ ನಿಲ್ಲಲು ಆಗುವುದಿಲ್ಲ. ಸ್ನಾಯು ಹಾಳಾದಾಗ ರಕ್ತಕ್ಕೆ ಸೋರುವ ಸಿಕೆ ಎಂಬ ಅಂಶ ಸಹಜಕ್ಕಿಂತ ಹತ್ತಾರು ಪಟ್ಟು ಏರಿರುತ್ತದೆ. ಇದಕ್ಕೆ ತದ್ವಿರುದ್ಧವಾದ ಮೋಸವೂ ಇದೆ. ಡ್ಯೂಷೆನ್ ಎಂಬ ಕಾಯಿಲೆ ಇರುವ ಪುಟ್ಟ ಹುಡುಗರ ಮೀನಖಂಡ ದಪ್ಪಗೆ, ಗಟ್ಟಿಯಾಗಿ ಕಾಣುತ್ತದೆ. ಆದರೆ ಒಳಗೆ ಸ್ನಾಯು ಇದ್ದ ಜಾಗದಲ್ಲಿ ಕೊಬ್ಬು ಮತ್ತು ನಾರು ತುಂಬಿರುತ್ತದೆ. ಮಗು ನೆಲದಿಂದ ಏಳುವಾಗ ತನ್ನ ತೊಡೆಯ ಮೇಲೇ ಕೈಯೂರಿ ಮೇಲೇಳುತ್ತಿದ್ದರೆ ಕಾಯಬೇಡಿ.

ಒಂದೇ ಕಾಲು ಸೊರಗಿ, ನೋವು, ಜೋಮು ಯಾವುದೂ ಇಲ್ಲದೆ, ಎಂಆರ್‌ಐನಲ್ಲೂ ಏನೂ ಸಿಗದ ಯುವಕರೂ ಇದ್ದಾರೆ. 1984ರಲ್ಲಿ ಬೆಂಗಳೂರಿನ ನಿಮ್ಹಾನ್ಸ್‌ನ ಡಾ. ಗೌರಿದೇವಿ ಮತ್ತು ಜೊತೆಗಾರರು ಇಂಥವರ ಬಗ್ಗೆ ಬರೆದು, ಮೊನೊಮೆಲಿಕ್ ಅಮಿಯೊಟ್ರೊಫಿ ಎಂದು ಕರೆದರು. ಒಂದೇ ಕೈ ಅಥವಾ ಒಂದೇ ಕಾಲು ಸೊರಗುವುದು ಅಂತ ಅರ್ಥ. ಕೆಲವು ವರ್ಷ ಹೆಚ್ಚಾಗಿ, ಆಮೇಲೆ ಅಲ್ಲಿಗೇ ನಿಂತುಬಿಡುತ್ತದೆ. ‘ಹೆದರಬೇಡಿ, ಇದು ಬೇರೆ ಕಡೆ ಹರಡುವುದಿಲ್ಲ’ ಅಂತ ಹೇಳಲು ಸಾಧ್ಯವಾಗುವುದು ಎಷ್ಟು ದೊಡ್ಡ ಸಮಾಧಾನ ಅಂತ, ಮೋಟಾರ್ ನ್ಯೂರಾನ್ ಭಯದಲ್ಲಿರುವ ನಿಮಗೆ ಬಿಡಿಸಿ ಹೇಳಬೇಕಿಲ್ಲ.

ಸಕ್ಕರೆ ಕಾಯಿಲೆ ಇರುವ 50 ದಾಟಿದವರಲ್ಲಿ ಒಂದು ತೊಡೆಯಲ್ಲಿ ರಾತ್ರಿಯಿಡೀ ತಡೆಯಲಾರದ ನೋವು ಬಂದು, ತೂಕ ಇಳಿದು, ವಾರಗಳಲ್ಲಿ ತೊಡೆ ಕರಗಿಹೋಗುವುದುಂಟು. ನೋಡಲು ಭಯಂಕರ. ಆದರೆ ಹೆಚ್ಚಿನವರು ಒಂದೆರಡು ವರ್ಷದಲ್ಲಿ ಸುಧಾರಿಸುತ್ತಾರೆ. ಇನ್ನು ಸಿಗರೇಟು ಸೇದುವವರಿಗೆ ಸ್ವಲ್ಪ ದೂರ ನಡೆದರೆ ಮೀನಖಂಡ ಹಿಡಿದುಕೊಂಡು, ನಿಂತರೆ ಬಿಡುತ್ತಿದ್ದರೆ ಅದು ರಕ್ತನಾಳ ಕಿರಿದಾದ ಲಕ್ಷಣ. ಮೊದಲು ಸಿಗರೇಟು ಬಿಡಬೇಕು.

ನಿಮಗೆ ಯಾವ ಪರೀಕ್ಷೆ ಬೇಕು? ನನ್ನ ಅಭಿಪ್ರಾಯದಲ್ಲಿ ಎಂಆರ್‌ಐಗಿಂತ ಮೊದಲು ನರರೋಗ ತಜ್ಞರ ಕೈ ಮತ್ತು ಸುತ್ತಿಗೆ ಬೇಕು. ಯಾಕೆಂದರೆ ಡಿಸ್ಕ್ ಉಬ್ಬುವುದು ಎಷ್ಟು ಸಾಮಾನ್ಯ ಅಂದರೆ, ಬೆನ್ನುನೋವೇ ಇಲ್ಲದ 20 ವರ್ಷದವರನ್ನು ಸ್ಕ್ಯಾನ್ ಮಾಡಿದರೂ ನೂರಕ್ಕೆ ಸುಮಾರು 30 ಮಂದಿಯಲ್ಲಿ ಅದು ಕಾಣುತ್ತದೆ. ಚಿತ್ರದಲ್ಲಿ ಉಬ್ಬು ಸಿಕ್ಕಿದ ಮಾತ್ರಕ್ಕೆ ಅದೇ ಕಳ್ಳ ಅಲ್ಲ. ಯಾವ ಬೇರು ಕೆಟ್ಟಿದೆ ಅಂತ ಕಾಲು ಹೇಳಬೇಕು, ಅದೇ ಬೇರಿನ ಮೇಲೆ ಒತ್ತಡ ಇದೆಯೇ ಅಂತ ಎಂಆರ್‌ಐ ಹೇಳಬೇಕು. ಎರಡೂ ಒಂದಕ್ಕೊಂದು ಹೊಂದಬೇಕು. ಇದರ ಜೊತೆ ನರ ಮತ್ತು ಸ್ನಾಯುವಿನ ವಿದ್ಯುತ್ ಪರೀಕ್ಷೆ ಮಾಡಿಸಿ. ಎನ್‌ಸಿಎಸ್, ಇಎಂಜಿ ಅನ್ನುತ್ತಾರೆ. ಸೂಜಿ ಚುಚ್ಚುತ್ತಾರೆ, ಸ್ವಲ್ಪ ನೋಯುತ್ತದೆ. ಆದರೆ ನರ ಇನ್ನೂ ಸಾಯುತ್ತಿದೆಯೇ, ಅಥವಾ ಪೆಟ್ಟು ನಿಂತು ರಿಪೇರಿ ನಡೆಯುತ್ತಿದೆಯೇ ಅಂತ ಹೇಳುವುದು ಇದೊಂದೇ. ಮೋಟಾರ್ ನ್ಯೂರಾನ್ ಭಯವನ್ನು ಬಹಳ ಮಟ್ಟಿಗೆ ಇಳಿಸುವುದೂ ಇದೇ. ರಕ್ತದಲ್ಲಿ ಸಕ್ಕರೆ, ಬಿ12, ಥೈರಾಯ್ಡ್, ಸಿಕೆ ನೋಡಿಸಿದರೆ ಸಾಕು. ಉದ್ದ ಪಟ್ಟಿ ಬೇಡ.

ಇವು ಯಾವುದಕ್ಕೂ ಕಾಯದೆ ನೇರ ತುರ್ತು ವಿಭಾಗಕ್ಕೆ ಹೋಗಬೇಕಾದ ಸಂದರ್ಭಗಳಿವೆ. ಮೂತ್ರ ಬರುತ್ತಿಲ್ಲ ಅಥವಾ ತಿಳಿಯದೆ ಹೋಗುತ್ತಿದೆ, ಮಲದ ಹಿಡಿತ ತಪ್ಪಿದೆ, ಸೈಕಲ್ ಸೀಟು ತಾಗುವ ಜಾಗವೆಲ್ಲ ಮರಗಟ್ಟಿದೆ, ಎರಡೂ ಕಾಲು ಒಟ್ಟಿಗೆ ಸೋಲುತ್ತಿವೆ ಅಂದರೆ ಅದೇ ದಿನ. ಬಲಹೀನತೆ ಪಾದದಿಂದ ದಿನದಿನಕ್ಕೂ ಮೇಲೇರುತ್ತಿದ್ದರೂ ಅಷ್ಟೇ.

ಚಿಕಿತ್ಸೆಯ ಮಾತಿಗೆ ಬಂದರೆ, ಮೊದಲು ನರದ ರಿಪೇರಿ ಹೇಗೆ ನಡೆಯುತ್ತದೆ ಅಂತ ತಿಳಿದುಕೊಳ್ಳಿ. ಇದು ನನಗೆ ಬಹಳ ಇಷ್ಟದ ಭಾಗ. ಸತ್ತ ನರತಂತು ಮತ್ತೆ ಬೆಳೆಯುವ ವೇಗ ದಿನಕ್ಕೆ ಸುಮಾರು 1 ಮಿ.ಮೀ. ಸೊಂಟದಿಂದ ಮೀನಖಂಡಕ್ಕೆ ಇರುವ ದೂರಕ್ಕೆ ಲೆಕ್ಕ ಹಾಕಿದರೆ ಎರಡು ವರ್ಷ ದಾಟುತ್ತದೆ. ಆಜ್ಞೆಯೇ ಬಾರದ ಸ್ನಾಯು ಒಂದು, ಒಂದೂವರೆ ವರ್ಷಕ್ಕಿಂತ ಜಾಸ್ತಿ ಕಾಯಲಾರದು. ಹಾಗಾದರೆ ಡಿಸ್ಕ್ ಜಾರಿದವರು ಚೇತರಿಸಿಕೊಳ್ಳುವುದು ಹೇಗೆ? ಬೇರಿನಲ್ಲಿರುವ ಎಲ್ಲ ತಂತುಗಳೂ ಸತ್ತಿರುವುದಿಲ್ಲ. ಉಳಿದವು ಮೀನಖಂಡದ ಒಳಗೇ ಹೊಸ ಚಿಗುರು ಬಿಟ್ಟು, ಪಕ್ಕದಲ್ಲಿ ಅನಾಥವಾದ ಸ್ನಾಯುವಿನ ಎಳೆಗಳನ್ನು ದತ್ತು ತೆಗೆದುಕೊಳ್ಳುತ್ತವೆ. ಈ ದತ್ತು ಕೆಲವೇ ತಿಂಗಳ ಕೆಲಸ. ಪೋಲಿಯೊ ಆದ ಮಕ್ಕಳು ಎದ್ದು ನಡೆದದ್ದೂ ಹೀಗೆಯೇ. ಹತ್ತಾರು ವರ್ಷ ಹೆಚ್ಚಿನ ಹೊರೆ ಹೊತ್ತ ಆ ನರಗಳು ದಣಿದು, ನಡುವಯಸ್ಸಿನಲ್ಲಿ ಅವರಿಗೆ ಮತ್ತೆ ಬಲಹೀನತೆ ಕಾಣಿಸುವುದೂ ಇದೇ ಕಾರಣಕ್ಕೆ. ಅಂಥವರು ಮೈಮುರಿಯುವ ವ್ಯಾಯಾಮ ಮಾಡಬಾರದು.

ನಿಮ್ಮ ಬಲ ಇಳಿಯುತ್ತಲೇ ಇದ್ದು, ಬೇರಿನ ಮೇಲೆ ಒತ್ತಡ ಇನ್ನೂ ಇದೆ ಅಂತ ಕಂಡರೆ ಆಪರೇಷನ್ ಬಗ್ಗೆ ತಡಮಾಡದೆ ಮಾತಾಡಬೇಕು. ಬಲ ಒಂದೇ ಮಟ್ಟದಲ್ಲಿ ನಿಂತಿದ್ದರೆ ಅಥವಾ ಏರುತ್ತಿದ್ದರೆ ಫಿಜಿಯೋಥೆರಪಿ ಸಾಕಾಗಬಹುದು. 8 ತಿಂಗಳ ಹಳೆಯ ಬಲಹೀನತೆಯನ್ನು ಆಪರೇಷನ್ ಪೂರ್ತಿ ಹಿಂದಕ್ಕೆ ತರುತ್ತದೆ ಅಂತ ಯಾರಾದರೂ ಮಾತು ಕೊಟ್ಟರೆ ನಂಬಬೇಡಿ. ಮೊದಲ ವಾರಗಳಲ್ಲಿ ಮಾಡಿದರೆ ಸಿಗುವ ಲಾಭ ಈಗ ಸಿಗುವುದಿಲ್ಲ.

ವ್ಯಾಯಾಮ ಸರಳ, ಆದರೆ ಹಟ ಬೇಕು. ಮೊದಲು ಕುರ್ಚಿಯಲ್ಲಿ ಕೂತು, ಮಂಡಿಯ ಮೇಲೆ ಭಾರ ಇಟ್ಟು ಹಿಮ್ಮಡಿ ಎತ್ತಿ. ಮೀನಖಂಡದ ಒಳಪದರಕ್ಕೆ ಇದು ಒಳ್ಳೆಯದು. ಸುಲಭ ಅನ್ನಿಸಿದಾಗ ಎರಡೂ ಕಾಲಲ್ಲಿ ನಿಂತು ಎತ್ತಿ. ಆಮೇಲೆ ಎರಡರಲ್ಲಿ ಎತ್ತಿ, ಬಲಗಾಲೊಂದರಲ್ಲೇ ನಿಧಾನವಾಗಿ ಇಳಿಸಿ. ಇಳಿಸುವಾಗ ಸ್ನಾಯುವಿಗೆ ಎತ್ತುವಾಗಿನದಕ್ಕಿಂತ ಹೆಚ್ಚು ಭಾರ ತಡೆಯುವ ಶಕ್ತಿ ಇರುತ್ತದೆ. ಸೋತ ಕಾಲಿಗೆ ಇದೇ ಒಳ್ಳೆಯ ಮೆಟ್ಟಿಲು. ಕೊನೆಗೆ ಒಂಟಿಕಾಲು. ಒಂದು ಸುತ್ತಿನಲ್ಲಿ 8ರಿಂದ 12 ಸಲ, ಮೂರು ಸುತ್ತು, ವಾರಕ್ಕೆ ಮೂರು ದಿನ. ಕೊನೆಯ ಎರಡು ಸಲ ಕಷ್ಟವಾಗಬೇಕು, ಇಲ್ಲದಿದ್ದರೆ ಭಾರ ಕಡಿಮೆ ಅಂತ ಅರ್ಥ. ಎರಡು ದಿನ ಕಳೆದರೂ ಕಾಲು ಮೊದಲಿಗಿಂತ ಸೋತಿದ್ದರೆ ಭಾರ ಇಳಿಸಿ. ಬರೀ ನಡಿಗೆ ಹೃದಯಕ್ಕೆ ಒಳ್ಳೆಯದು, ಆದರೆ ಸೊರಗಿದ ಮೀನಖಂಡ ಅಷ್ಟಕ್ಕೇ ತುಂಬುವುದಿಲ್ಲ. ನಡೆಯುವಾಗ ಒಳ್ಳೆಯ ಕಾಲು ಕೆಲಸ ಕದಿಯುತ್ತದೆ.

ನೀವು ಕೇಳಿದ ಮೂರು ವಿಷಯ. ಎಣ್ಣೆ ಮಸಾಜಿನಿಂದ ಹಾಯ್ ಅನ್ನಿಸುತ್ತದೆ, ಬಿಗಿ ಸಡಿಲವಾಗುತ್ತದೆ. ಸ್ನಾಯು ಬೆಳೆಯುವುದಿಲ್ಲ. ಪ್ರೋಟೀನ್ ಬೇಕು, ಪುಡಿಯೇ ಬೇಕೆಂದಿಲ್ಲ. ವ್ಯಾಯಾಮ ಮಾಡುವ ಅವಧಿಯಲ್ಲಿ ಮೈತೂಕದ ಪ್ರತಿ ಕಿಲೋಗೆ ದಿನಕ್ಕೆ 1ರಿಂದ 1.2 ಗ್ರಾಂ ಸಿಕ್ಕರೆ ಸಾಕು. ಬೇಳೆಕಾಳು, ಹಾಲು, ಮೊಟ್ಟೆಯಿಂದಲೇ ಇಷ್ಟು ಬರುತ್ತದೆ. ಕಿಡ್ನಿ ತೊಂದರೆ ಇದ್ದರೆ ವೈದ್ಯರನ್ನು ಕೇಳಿ. ವಿಟಮಿನ್ ಇಂಜೆಕ್ಷನ್ ರಕ್ತದಲ್ಲಿ ಬಿ12 ಕಡಿಮೆ ಇದ್ದರೆ ಮಾತ್ರ. ‘ನರಕ್ಕೆ ಒಳ್ಳೆಯದು’ ಅಂತ ತಿಂಗಳುಗಟ್ಟಲೆ ಸುಮ್ನೆ ಮಾತ್ರೆ ನುಂಗುವವರಿಗೆ ಒಂದು ಎಚ್ಚರಿಕೆ. ಅವುಗಳಲ್ಲಿರುವ ಬಿ6 ಅತಿಯಾದರೆ ಅದೇ ನರಗಳನ್ನು ಕೆಡಿಸುತ್ತದೆ.

ಕಾಲು ಮೊದಲಿನಂತೆ ಆಗುತ್ತದೆಯೇ? ಬಲ ಬಹಳ ಮಟ್ಟಿಗೆ ಬರಬಹುದು, ಮೆಟ್ಟಿಲು ಮತ್ತೆ ಸಲೀಸಾಗಬಹುದು. ಗಾತ್ರ ಪೂರ್ತಿ ಸರಿಹೋಗುವ ಭರವಸೆ ಕೊಡಲಾರೆ. ಬಲ ವಾಪಸ್ ಬಂದ ಎಷ್ಟೋ ಜನರಲ್ಲಿ ಒಂದು ಸೆಂ.ಮೀ. ಹಾಗೇ ಉಳಿದಿರುತ್ತದೆ. ಮೊದಲ ಕೆಲವು ವಾರ ಟೇಪು ಏನೂ ಬದಲಾವಣೆ ತೋರಿಸುವುದಿಲ್ಲ, ಅದಕ್ಕೆ ಬೇಸರಪಡಬೇಡಿ. ಆಗ ಏರುವುದು ಬಲ ಮಾತ್ರ, ಗಾತ್ರ ಕಣ್ಣಿಗೆ ಕಾಣಲು ಎರಡು ಮೂರು ತಿಂಗಳು ಬೇಕು. ಟೇಪನ್ನು ತಿಂಗಳಿಗೊಮ್ಮೆ ಹೊರಗೆ ತೆಗೆಯಿರಿ. 15 ದಿನಕ್ಕೊಮ್ಮೆ ಒಂಟಿಕಾಲಲ್ಲಿ ಎಷ್ಟು ಸಲ ಹಿಮ್ಮಡಿ ಎದ್ದಿತು ಅಂತ ಕ್ಯಾಲೆಂಡರಿನಲ್ಲಿ ಬರೆದಿಡಿ. ಆ ಸಂಖ್ಯೆ ಸತತ ಎರಡು ಸಲ ಇಳಿದರೆ ಮುಂದಿನ ಅಪಾಯಿಂಟ್‌ಮೆಂಟ್‌ಗೆ ಕಾಯದೆ ವೈದ್ಯರನ್ನು ನೋಡಿ. ಹೋಗುವಾಗ ಆ ಕ್ಯಾಲೆಂಡರನ್ನೂ ತೆಗೆದುಕೊಂಡು ಹೋಗಿ.